ಕಲ್ಪನಾ: ಕೊಡಗಿನ ಕಾವೇರಿಯಾದ ನಟಿ

ಕನ್ನಡ ಚಿತ್ರರಂಗದಲ್ಲಿ 'ಮಿನುಗುತಾರೆ' ಎಂದೊಡನೆ ಜನರ ಕಣ್ಣ ಮುಂದೆ ಬಂದು ನಿಲ್ಲುವವರು ಕಲ್ಪನಾ ಒಬ್ಬರೇ. 1943ರ ಜುಲೈ 18ರಂದು ದಕ್ಷಿಣ ಕನ್ನಡದಲ್ಲಿ ಹುಟ್ಟಿದ ಅವರ ಮೊದಲ ಹೆಸರು ಶರತ್ ಲತಾ. 1963ರಲ್ಲಿ ಬೆಳ್ಳಿತೆರೆಗೆ ಕಾಲಿಟ್ಟು, 1979ರ ಮೇ ತಿಂಗಳಲ್ಲಿ, 36 ತುಂಬುವ ಮೊದಲೇ ತೀರಿಕೊಂಡರು. ಈ 16 ವರ್ಷಗಳಲ್ಲಿ ಕನ್ನಡ ಸಿನಿಮಾದ ನಾಯಕಿಯ ಸ್ಥಾನಮಾನವೇ ಬದಲಾಯಿತು. ಅವರಿಗಿಂತ ಮುಂಚೆಯೂ ಸಮರ್ಥ ನಟಿಯರಿದ್ದರು, ಆಮೇಲೂ ಬಂದರು. ಆದರೆ ಹೆಣ್ಣೊಬ್ಬಳ ಮನಸ್ಸಿನೊಳಗೆ ನಡೆಯುವುದೇ ಚಿತ್ರದ ಕಥೆಯಾಗಬಹುದು, ಅದನ್ನು ನೋಡಲು ಜನ ಟಾಕೀಸಿನ ಮುಂದೆ ಸಾಲು ನಿಲ್ಲುತ್ತಾರೆ ಎಂಬುದನ್ನು ಸಾಧಿಸಿ ತೋರಿಸಿದ್ದು ಕಲ್ಪನಾ ಅಭಿನಯಿಸಿದ ಚಿತ್ರಗಳು. ಅವುಗಳಲ್ಲಿ ಅತ್ಯಂತ ದೊಡ್ಡದಾದ 'ಶರಪಂಜರ' ಕೊಡಗಿನ ನೆಲ ಮತ್ತು ಹೊಳೆಯೊಂದಿಗೆ ಬೆಸೆದುಕೊಂಡಿದೆ.

ಕಲ್ಪನಾ ಹುಟ್ಟುವ ಹೊತ್ತಿಗೆ ಕನ್ನಡ ವಾಕ್ಚಿತ್ರಕ್ಕೆ ಹತ್ತು ವರ್ಷವೂ ತುಂಬಿರಲಿಲ್ಲ. 1934ರ 'ಸತಿ ಸುಲೋಚನಾ'ದಲ್ಲಿ ತ್ರಿಪುರಾಂಬಾ ಮೊದಲ ನಾಯಕಿಯಾದರು. ಆ ಚಿತ್ರ ತಯಾರಾದದ್ದು ಕೊಲ್ಹಾಪುರದಲ್ಲಿ. 1936ರ 'ಸಂಸಾರ ನೌಕೆ'ಯಿಂದ ಹೆಸರಾದ ಎಂ.ವಿ. ರಾಜಮ್ಮ 1943ರಲ್ಲಿ 'ರಾಧಾರಮಣ' ಚಿತ್ರವನ್ನು ತಾವೇ ನಿರ್ಮಿಸಿದರು. ಹರಿಕಥೆಯ ಹಿನ್ನೆಲೆಯಿಂದ ಬಂದ ಪಂಢರಿಬಾಯಿ 1954ರ 'ಬೇಡರ ಕಣ್ಣಪ್ಪ'ದಲ್ಲಿ ರಾಜ್‌ಕುಮಾರ್ ಅವರ ಜೊತೆಯಾದರು. 1955ರ 'ಮಹಾಕವಿ ಕಾಳಿದಾಸ'ದಿಂದ ಬಂದ ಬಿ. ಸರೋಜಾದೇವಿ 1961ರಲ್ಲಿ ಕಿತ್ತೂರು ಚೆನ್ನಮ್ಮನಾಗಿ ಕತ್ತಿ ಹಿಡಿದರು. ಲೀಲಾವತಿ, ಹರಿಣಿ, ಮೈನಾವತಿ ಇದೇ ಕಾಲದವರು. ಇವರ ಪಾಲಿಗೆ ಹೆಚ್ಚಾಗಿ ಬಂದದ್ದು ಪತಿವ್ರತೆ, ಭಕ್ತೆ, ರಾಣಿ, ತಾಳ್ಮೆಯ ಸೊಸೆ ಮುಂತಾದ ಪಾತ್ರಗಳು. ಕೆಲಸವೆಲ್ಲ ಮದರಾಸಿನ ಸ್ಟುಡಿಯೊಗಳ ನಾಲ್ಕು ಗೋಡೆಯ ನಡುವೆ. ಕಾಡು, ಹೊಳೆ, ಬೆಟ್ಟ ಬೇಕೆಂದರೆ ಪರದೆಯ ಮೇಲೆ ಬರೆಸುವುದು ರೂಢಿ.

ಇಂಥ ವೇಳೆಯಲ್ಲಿ ಕಲ್ಪನಾ ಬಂದರು. ಅವರ ಮೊದಲ ಚಿತ್ರ ಬಿ.ಆರ್. ಪಂತುಲು ನಿರ್ದೇಶಿಸಿದ 'ಸಾಕು ಮಗಳು'. ಮರುವರ್ಷ ಎನ್. ಲಕ್ಷ್ಮೀನಾರಾಯಣ್ ಅವರ 'ನಾಂದಿ'ಯಲ್ಲಿ ರಾಜ್‌ಕುಮಾರ್, ಹರಿಣಿಯವರೊಂದಿಗೆ ನಟಿಸಿದರು. ತಮಿಳಿಗೂ ಹೋಗಿಬಂದರು, 1966ರ 'ಮದ್ರಾಸ್ ಟು ಪಾಂಡಿಚೇರಿ'ಯ ನಾಯಕಿ ಅವರೇ. ಬಸ್ ಪ್ರಯಾಣದ ಆ ಹಾಸ್ಯಚಿತ್ರ ಮುಂದೆ ಹಿಂದಿಯಲ್ಲಿ 'ಬಾಂಬೆ ಟು ಗೋವಾ' ಆಯಿತು. ಮೊದಲ ನಾಲ್ಕು ವರ್ಷ ಕಲ್ಪನಾ ಚೆಲುವೆಯಾದ, ಚುರುಕಾದ ಹೊಸ ಮುಖ ಮಾತ್ರ. ಅವರನ್ನು ಕಲ್ಪನಾ ಆಗಿಸಿದ್ದು ಒಬ್ಬ ಕಾದಂಬರಿಕಾರ್ತಿ ಮತ್ತು ಒಬ್ಬ ನಿರ್ದೇಶಕ.

ಕಾದಂಬರಿಕಾರ್ತಿ ತ್ರಿವೇಣಿ. ನಿಜನಾಮ ಅನಸೂಯಾ ಶಂಕರ್. 1928ರಲ್ಲಿ ಮೈಸೂರಿನಲ್ಲಿ ಹುಟ್ಟಿದವರು, ಬಿ.ಎಂ. ಶ್ರೀಕಂಠಯ್ಯನವರ ಮನೆತನದವರು, ಮನಶ್ಶಾಸ್ತ್ರ ಓದಿದವರು. ಮಧ್ಯಮ ವರ್ಗದ ಮನೆಗಳಲ್ಲಿ ಹೆಂಗಸರು ಯಾರಿಗೂ ಹೇಳದೆ ನುಂಗಿಕೊಳ್ಳುವ ಭಯ, ಆಸೆ, ಅವಮಾನಗಳನ್ನು ಸರಳವಾದ ಕನ್ನಡದಲ್ಲಿ ಬರೆದರು. ಮಾನಸಿಕ ಕಾಯಿಲೆಯನ್ನು ದೆವ್ವದ ಕಾಟವೆಂದೋ ಕರ್ಮಫಲವೆಂದೋ ನೋಡದೆ, ಕಾರಣವೂ ಚಿಕಿತ್ಸೆಯೂ ಇರುವ ಕಾಯಿಲೆಯಾಗಿ ಕಂಡ ಲೇಖಕಿ ಅವರು. 1963ರಲ್ಲಿ, 35ರ ಆಸುಪಾಸಿನಲ್ಲಿ ತೀರಿಕೊಂಡರು. ಅದೇ ವರ್ಷ ಕಲ್ಪನಾ ತೆರೆಗೆ ಬಂದರು. ತಮ್ಮ ಮೂರು ನಾಯಕಿಯರಿಗೆ ಮುಖವೂ ಧ್ವನಿಯೂ ಆದ ನಟಿಯನ್ನು ತ್ರಿವೇಣಿ ತೆರೆಯ ಮೇಲೆ ಆ ಪಾತ್ರಗಳಲ್ಲಿ ನೋಡಲೇ ಇಲ್ಲ.

ನಿರ್ದೇಶಕ ಪುಟ್ಟಣ್ಣ ಕಣಗಾಲ್. 1933ರಲ್ಲಿ ಮೈಸೂರು ಜಿಲ್ಲೆ ಪಿರಿಯಾಪಟ್ಟಣ ತಾಲ್ಲೂಕಿನ ಕಣಗಾಲಿನಲ್ಲಿ ಹುಟ್ಟಿದವರು. ಪಿರಿಯಾಪಟ್ಟಣ ಕೊಡಗಿಗೆ ಅಂಟಿಕೊಂಡ ತಾಲ್ಲೂಕು; ಕಾವೇರಿ ದಾಟಿದರೆ ಕುಶಾಲನಗರ, ಅಲ್ಲಿಂದ ಹೊಳೆಯ ಮೇಲ್ದಿಕ್ಕಿಗೆ ನಂಜರಾಯಪಟ್ಟಣ, ಅದರ ಎದುರು ದಡದಲ್ಲಿ ದುಬಾರೆ ಕಾಡು. ಬಯಲುಸೀಮೆ ಮುಗಿದು ಮಲೆನಾಡು ಶುರುವಾಗುವ ಅಂಚಿನ ಊರಿನವರಿಗೆ ಬೆಟ್ಟವೂ ಮಂಜೂ ದೂರದ ಬೆರಗಲ್ಲ. ಪುಟ್ಟಣ್ಣ ಪಂತುಲು ಅವರ ಬಳಿ ಸಹಾಯಕರಾಗಿ ಪಳಗಿ, ಮಲಯಾಳಂನಲ್ಲಿ ಮೊದಲು ಸ್ವತಂತ್ರ ನಿರ್ದೇಶಕರಾದರು. 1966ರ ಅವರ ಮಲಯಾಳಂ ಚಿತ್ರ 'ಪೂಚ್ಚಕ್ಕಣ್ಣಿ' ತ್ರಿವೇಣಿಯವರ 'ಬೆಕ್ಕಿನ ಕಣ್ಣು' ಕಾದಂಬರಿಯನ್ನೇ ಆಧರಿಸಿತ್ತು. ಕನ್ನಡಕ್ಕೆ ಬಂದಾಗ ಕೈಗೆತ್ತಿಕೊಂಡದ್ದೂ ತ್ರಿವೇಣಿಯನ್ನೇ: 1967ರ 'ಬೆಳ್ಳಿಮೋಡ'.

'ಬೆಳ್ಳಿಮೋಡ'ದ ಇಂದಿರಾ ಕಾಫಿ ತೋಟದ ಮಾಲೀಕನ ಒಬ್ಬಳೇ ಮಗಳು. ಅವಳನ್ನು ಮದುವೆಯಾಗಲು ಒಪ್ಪಿದ ಮೋಹನ, ಅವಳ ತಂದೆಯ ಹಣದಲ್ಲಿ ಅಮೆರಿಕಕ್ಕೆ ಓದಲು ಹೋಗುತ್ತಾನೆ. ಅಷ್ಟರಲ್ಲಿ ಇಂದಿರಾಳಿಗೆ ತಮ್ಮ ಹುಟ್ಟುತ್ತಾನೆ, ತಾಯಿ ತೀರಿಕೊಳ್ಳುತ್ತಾಳೆ, ಆಸ್ತಿಗೆ ಇನ್ನೊಬ್ಬ ವಾರಸುದಾರ ಬಂದಂತಾಗುತ್ತದೆ. ಹಿಂತಿರುಗಿದ ಮೋಹನನ ಪ್ರೀತಿ ಆರಿಹೋಗಿರುತ್ತದೆ. ಮುಂದೆ ಅವನು ಗಾಯಗೊಂಡು ಹಾಸಿಗೆ ಹಿಡಿದಾಗ ಇಂದಿರಾ ಆರೈಕೆ ಮಾಡುತ್ತಾಳೆ. ಅವನು ಪಶ್ಚಾತ್ತಾಪಪಟ್ಟು ಮದುವೆಗೆ ಸಿದ್ಧನಾದಾಗ ಬೇಡವೆನ್ನುತ್ತಾಳೆ. ಈ 'ಬೇಡ' ಆ ಕಾಲದ ನಾಯಕಿಯ ಬಾಯಿಂದ ಬರುವಂಥದ್ದಾಗಿರಲಿಲ್ಲ. ತಪ್ಪು ಒಪ್ಪಿಕೊಂಡ ಗಂಡಿನ ಕಾಲಿಗೆರಗಿ ಕಣ್ಣೊರೆಸಿಕೊಳ್ಳುವುದು ನಾಯಕಿಯ ಪಾಲಿಗೆ ಮೀಸಲಾದ ಮುಕ್ತಾಯವಾಗಿತ್ತು. ಕಲ್ಪನಾ ಆ ನಿರಾಕರಣೆಯನ್ನು ಕೂಗಾಡಿ ಹೇಳಲಿಲ್ಲ, ಪ್ರತೀಕಾರವಾಗಿಯೂ ಹೇಳಲಿಲ್ಲ; ಮನಸ್ಸು ಮುಗಿದುಹೋದ ಹೆಣ್ಣಿನ ನಿರ್ಧಾರವಾಗಿ ಹೇಳಿದರು. ಕಲ್ಯಾಣ್‌ಕುಮಾರ್, ಅಶ್ವಥ್, ಪಂಢರಿಬಾಯಿಯಂಥ ಹಿರಿಯ ಕಲಾವಿದರ ನಡುವೆ ಚಿತ್ರ ಆಕೆಯದೇ ಆಯಿತು. ಚಿಕ್ಕಮಗಳೂರು ಸೀಮೆಯ ಬೆಟ್ಟಗಳ ಮೇಲಿನ ಮೋಡ, ತೋಟದ ಬಂಗಲೆ, ಇಳಿಜಾರಿನ ದಾರಿಗಳನ್ನು ಕಪ್ಪುಬಿಳುಪಿನಲ್ಲಿ ಅಷ್ಟು ಉದಾರವಾಗಿ ತೋರಿಸಿದ ಈ ಚಿತ್ರದ ನಂತರ ಹೊರಾಂಗಣ ಚಿತ್ರೀಕರಣ ಕನ್ನಡದ ಗುರುತಾಗತೊಡಗಿತು. ರಾಜ್ಯದೊಳಗೇ ತಯಾರಾಗುವ ಚಿತ್ರಗಳಿಗೆ ಸರ್ಕಾರದ ಸಹಾಯಧನ ಸಿಗತೊಡಗಿದ್ದೂ ಸುಮಾರು ಇದೇ ಕಾಲದಲ್ಲಿ.

1968ರಲ್ಲಿ ಎಂ.ಆರ್. ವಿಠ್ಠಲ್ ತ್ರಿವೇಣಿಯವರ 'ಹಣ್ಣೆಲೆ ಚಿಗುರಿದಾಗ' ಕಾದಂಬರಿಯನ್ನು ಚಿತ್ರ ಮಾಡಿದರು. ಎಳೆ ವಯಸ್ಸಿನ ವಿಧವೆ ಮತ್ತೆ ಬದುಕನ್ನು ಬಯಸುವ ಕಥೆ. ಕಲ್ಪನಾ ಜೊತೆಗೆ ರಾಜ್‌ಕುಮಾರ್ ಇದ್ದರು, ಸಂಪ್ರದಾಯದ ತಂದೆಯಾಗಿ ಆರ್. ನಾಗೇಂದ್ರರಾಯರು. 1969ರಲ್ಲಿ ಚದುರಂಗರ ಕಾದಂಬರಿ ಆಧರಿಸಿದ 'ಉಯ್ಯಾಲೆ' ಬಂತು. ಪುಸ್ತಕದಲ್ಲೇ ಮುಳುಗಿದ ಗಂಡನ ಮನೆಯಲ್ಲಿ ಒಂಟಿಯಾದ ಹೆಂಡತಿಗೆ ಇನ್ನೊಬ್ಬನ ಮೇಲೆ ಮೂಡುವ ಮೋಹ ಅದರ ವಸ್ತು. ಲಕ್ಷ್ಮೀನಾರಾಯಣ್ ಅದನ್ನು ಒಂದಿಷ್ಟೂ ಅಗ್ಗವಾಗಲು ಬಿಡಲಿಲ್ಲ. ಅದೇ ವರ್ಷದ 'ಎರಡು ಮುಖ'ದಲ್ಲಿ ಒಂದೇ ಹೆಣ್ಣಿನೊಳಗಿನ ಎರಡು ವ್ಯಕ್ತಿತ್ವ, 'ಕಪ್ಪು ಬಿಳುಪು' ಚಿತ್ರದಲ್ಲಿ ದ್ವಿಪಾತ್ರ. ಒಂದೇ ವರ್ಷದಲ್ಲಿ ಇಷ್ಟೊಂದು ಬಗೆಯ ಹೆಂಗಸರನ್ನು ಒಬ್ಬ ನಟಿಗೆ ಕೊಟ್ಟ ಕಾಲ ಕನ್ನಡದಲ್ಲಿ ಅದಕ್ಕೆ ಮೊದಲು ಇರಲಿಲ್ಲ.

ಎಂ.ಕೆ. ಇಂದಿರಾ ಅವರ ಕಾದಂಬರಿಯಿಂದ ಪುಟ್ಟಣ್ಣ ಮಾಡಿದ 'ಗೆಜ್ಜೆಪೂಜೆ'ಯ ತೂಕವೇ ಬೇರೆ. ವೇಶ್ಯಾವೃತ್ತಿಯ ಮನೆತನದಲ್ಲಿ ಹುಟ್ಟಿದ ಚಂದ್ರಾಳಿಗೆ ಓದಿನ ಆಸೆ, ಮದುವೆಯ ಆಸೆ. ಗೆಜ್ಜೆಪೂಜೆಯೆಂದರೆ ಆ ಮನೆತನಗಳಲ್ಲಿ ಹುಡುಗಿಯನ್ನು ಕುಲವೃತ್ತಿಗೆ ಒಪ್ಪಿಸುವ ಶಾಸ್ತ್ರ. ಪಕ್ಕದ ಮನೆಯ ಸೋಮುವಿನ ಪ್ರೀತಿ, ತಾಯಿಯ ಅಸಹಾಯಕತೆ, ಅಜ್ಜಿಯ ಹಟ, ಊರಿನ ನಾಲಗೆ ಇವೆಲ್ಲದರ ನಡುವೆ ಸಿಕ್ಕ ಚಂದ್ರಾ ಕೊನೆಗೆ ಸಾವನ್ನೇ ಆರಿಸಿಕೊಳ್ಳುತ್ತಾಳೆ. ತಾಯಿಯಾಗಿ ಲೀಲಾವತಿ, ಸೋಮುವಾಗಿ ಗಂಗಾಧರ್ ನಟಿಸಿದರು. ಮುಂದೆ ಹೆಸರಾದ ಆರತಿ ಇದರಲ್ಲೇ ತೆರೆಗೆ ಬಂದರು. ಚಿತ್ರಕ್ಕೆ ಕನ್ನಡದ ಅತ್ಯುತ್ತಮ ಚಿತ್ರವೆಂಬ ರಾಷ್ಟ್ರಪ್ರಶಸ್ತಿ ಬಂತು. ಚಂದ್ರಾಳ ಪಾತ್ರದಲ್ಲಿ ಕಲ್ಪನಾ ತೋರಿದ ಸಂಯಮ ಅವರ ಇಡೀ ವೃತ್ತಿಯಲ್ಲಿ ಅಪರೂಪದ್ದು. ಉಳಿದ ಚಿತ್ರಗಳಲ್ಲಿ ಮಾತು ಹೊಳೆಯಂತೆ ಹರಿಯುತ್ತಿದ್ದರೆ, ಇಲ್ಲಿ ಮಾತು ಗಂಟಲಿನಲ್ಲೇ ನಿಲ್ಲುತ್ತದೆ; ತಲೆ ತಗ್ಗಿಸಿದ ಮುಖವೇ ಕೆಲಸ ಮಾಡುತ್ತದೆ.

ಒಬ್ಬ ನಿರ್ದೇಶಕ, ಒಬ್ಬ ನಟಿ ಮತ್ತು ಒಂದು ನಾಡಿನ ನೆಲ ಕೂಡಿಕೊಂಡು ಸಿನಿಮಾದ ಗತಿ ಬದಲಾಯಿಸಿದ ನಿದರ್ಶನ ಕನ್ನಡಕ್ಕೆ ಮಾತ್ರ ಸೇರಿದ್ದಲ್ಲ. ಮೆಕ್ಸಿಕೊದ ಚಿತ್ರರಂಗದ ಸುವರ್ಣಯುಗವೆಂದು ಕರೆಯುವ 1940ರ ದಶಕದಲ್ಲಿ ಎಮಿಲಿಯೊ ಫರ್ನಾಂಡೆಜ್ ನಿರ್ದೇಶನ, ಗಾಬ್ರಿಯೆಲ್ ಫಿಗೆರೋವಾ ಛಾಯಾಗ್ರಹಣ, ಡೊಲೊರೆಸ್ ಡೆಲ್ ರಿಯೊ ಅಭಿನಯ ಸೇರಿ 'ಮರಿಯಾ ಕಾಂಡೆಲಾರಿಯಾ' ತಯಾರಾಯಿತು. ಸೊಚಿಮಿಲ್ಕೊದ ಕಾಲುವೆಗಳ ನಡುವೆ ಹೂ ಮಾರುವ, ಊರವರು ದೂರವಿಟ್ಟ ಹೆಣ್ಣಿನ ಕಥೆ ಅದು. 1946ರ ಕಾನ್ ಚಿತ್ರೋತ್ಸವದಲ್ಲಿ ಉನ್ನತ ಪ್ರಶಸ್ತಿ ಗಳಿಸಿತು. ಅದೇ ದೇಶದ ಮರಿಯಾ ಫೆಲಿಕ್ಸ್, ರೊಮುಲೊ ಗಾಯೆಗೋಸ್ ಅವರ ಕಾದಂಬರಿ ಆಧರಿಸಿದ 1943ರ 'ಡೋನ್ಯಾ ಬಾರ್ಬರಾ'ದಲ್ಲಿ ನಟಿಸಿದ ಮೇಲೆ, ಸಾಯುವವರೆಗೂ ಜನ ಆಕೆಯನ್ನು ಆ ಪಾತ್ರದ ಹೆಸರಿನಿಂದಲೇ ಕರೆದರು. ಕಲ್ಪನಾಗೂ ಹೀಗೆಯೇ ಆಯಿತು. 'ಶರಪಂಜರ' ಬಂದ ಮೇಲೆ ನಟಿಯನ್ನೂ ಪಾತ್ರವನ್ನೂ ಬೇರೆ ಮಾಡಿ ನೋಡುವುದು ಕನ್ನಡ ಪ್ರೇಕ್ಷಕರಿಗೆ ಆಗಲೇ ಇಲ್ಲ. ಆದರೆ ಫೆಲಿಕ್ಸ್ 88 ವರ್ಷ ಬಾಳಿದರು, ಆ ಕೀರ್ತಿಯನ್ನು ಕೈಯಲ್ಲಿ ಹಿಡಿದು ಆಳಿದರು. ಕಲ್ಪನಾಗೆ ಅಷ್ಟು ಆಯುಷ್ಯವೂ ಇರಲಿಲ್ಲ, ಅವರ ಬೆನ್ನಿಗೆ ಅಷ್ಟು ದೊಡ್ಡ ಉದ್ಯಮವೂ ಇರಲಿಲ್ಲ.

'ಶರಪಂಜರ' 1971ರಲ್ಲಿ ಬಿಡುಗಡೆಯಾಯಿತು. ತ್ರಿವೇಣಿಯವರ ಕಾದಂಬರಿ, ಪುಟ್ಟಣ್ಣನವರ ನಿರ್ದೇಶನ, ವಿಜಯಭಾಸ್ಕರ್ ಅವರ ಸಂಗೀತ. ಈ ಬಾರಿ ವರ್ಣದಲ್ಲಿ. ನಾಯಕಿಯ ಹೆಸರು ಕಾವೇರಿ. ಅವಳೂ ಸತೀಶನೂ ಮೆಚ್ಚಿ ಮದುವೆಯಾಗುತ್ತಾರೆ. ಎರಡನೆಯ ಹೆರಿಗೆಯ ನಂತರ ಕಾವೇರಿಯ ಮನಸ್ಸು ಕದಡುತ್ತದೆ. ಮದುವೆಗೆ ಮುಂಚಿನ ಒಂದು ಘಟನೆ ಅವಳೊಳಗೆ ಪಾಪಪ್ರಜ್ಞೆಯಾಗಿ ಹುದುಗಿದ್ದದ್ದು ಹೊರಬರುತ್ತದೆ. ಮಾನಸಿಕ ಆಸ್ಪತ್ರೆಯಲ್ಲಿ ಚಿಕಿತ್ಸೆ ಪಡೆದು ಗುಣವಾಗಿ ಮನೆಗೆ ಮರಳುತ್ತಾಳೆ. ಇಲ್ಲಿಂದ ಮುಂದಿನದೇ ನಿಜವಾದ ಕಥೆ. ಕಾಯಿಲೆ ವಾಸಿಯಾಗಿದೆ, ವಾಸಿಯಾಯಿತೆಂದು ನಂಬಲು ಯಾರೂ ತಯಾರಿಲ್ಲ. ನಕ್ಕರೂ ಸಂಶಯ, ಅತ್ತರೂ ಸಂಶಯ, ಸುಮ್ಮನಿದ್ದರಂತೂ ಇನ್ನೂ ಸಂಶಯ. ನೆರೆಯವರ ಪಿಸುಮಾತು, ಮನೆಯವರ ಹೆದರಿಕೆ, ಗಂಡನ ಮನಸ್ಸು ಬೇರೊಬ್ಬಳ ಕಡೆ ತಿರುಗಿದ್ದು, ಇವೆಲ್ಲ ಸೇರಿ ಅವಳನ್ನು ಮತ್ತೆ ಆಸ್ಪತ್ರೆಯ ಬಾಗಿಲಿಗೆ ತಳ್ಳುತ್ತವೆ. ಬಾಣಂತಿಯರಿಗೆ ಬರುವ ಮಾನಸಿಕ ಕಾಯಿಲೆಯನ್ನು ಮನೆಯಲ್ಲಿ ಬಾಯಿಬಿಟ್ಟು ಆಡಲೂ ಹೆದರುತ್ತಿದ್ದ ಕಾಲ ಅದು. ಬೆಂಗಳೂರಿನ ಹಳೆಯ ಮಾನಸಿಕ ಆಸ್ಪತ್ರೆಯ ಜೊತೆಗೆ 1954ರಿಂದ ಅಖಿಲ ಭಾರತ ಮಾನಸಿಕ ಆರೋಗ್ಯ ಸಂಸ್ಥೆ ಇತ್ತು, 1974ರಲ್ಲಿ ಇವೆರಡೂ ಸೇರಿ ನಿಮ್ಹಾನ್ಸ್ ಆಯಿತು. ಅಷ್ಟು ದೊಡ್ಡ ಸಂಸ್ಥೆ ರಾಜಧಾನಿಯಲ್ಲೇ ಇದ್ದರೂ, ಅಲ್ಲಿಗೆ ಹೋಗಿಬಂದವರನ್ನು ಊರು ಹೇಗೆ ನಡೆಸಿಕೊಳ್ಳುತ್ತದೆ ಎಂಬ ಪ್ರಶ್ನೆಯನ್ನು ಸಾವಿರಾರು ಮನೆಗಳ ಒಳಗೆ ಒಯ್ದದ್ದು ಈ ಚಿತ್ರ.

ಇಷ್ಟು ಕತ್ತಲಿನ ಕಥೆಯಲ್ಲಿ ಬೆಳಕಿನ ಭಾಗ ಕೊಡಗು. ಹೊಸ ದಂಪತಿಯ ಒಲವಿನ ದಿನಗಳನ್ನು ಪುಟ್ಟಣ್ಣ ಕೊಡಗಿನ ಬೆಟ್ಟ, ಹೊಳೆ, ತೋಟಗಳ ನಡುವೆ ಇಟ್ಟರು. 'ಕೊಡಗಿನ ಕಾವೇರಿ' ಹಾಡಿನಲ್ಲಿ ನಾಯಕಿ ಮತ್ತು ನದಿ ಒಂದೇ ಆಗಿಬಿಡುತ್ತಾರೆ. ಮುಂದೆ ಮನೆಯ ಗೋಡೆಗಳೊಳಗೆ ಸೆರೆಯಾಗುವ ಹೆಣ್ಣನ್ನು ಮೊದಲು ಆಕಾಶದ ಕೆಳಗೆ, ನೀರಿನ ಪಕ್ಕ, ಹಸಿರಿನ ನಡುವೆ ತೋರಿಸಿದ್ದರಿಂದಲೇ ನಂತರದ ಇಕ್ಕಟ್ಟು ಅಷ್ಟು ಉಸಿರು ಕಟ್ಟಿಸುತ್ತದೆ. ಹಾಡನ್ನು ಕಥೆಯಿಂದ ತೆಗೆದು ಬದಿಗಿಟ್ಟರೆ ಚಿತ್ರದ ಅರ್ಧ ನೋವು ಹೋಗುತ್ತದೆ. ಪ್ರವಾಸದ ಚೆಂದಕ್ಕಾಗಿ ಸೇರಿಸಿದ ಹಾಡು ಅದಾಗಿರಲಿಲ್ಲ ಎಂಬುದಕ್ಕೆ ಇದಕ್ಕಿಂತ ದೊಡ್ಡ ಪುರಾವೆ ಬೇಕಿಲ್ಲ.

ಆ ಹೊತ್ತಿಗೆ ಕೊಡಗು ಕನ್ನಡನಾಡಿನ ಆಡಳಿತಕ್ಕೆ ಸೇರಿ 15 ವರ್ಷವಾಗಿತ್ತು. 1956ರ ನವೆಂಬರ್ 1ರವರೆಗೆ ಅದು ಪ್ರತ್ಯೇಕ ರಾಜ್ಯ. ಬಯಲುಸೀಮೆಯ, ಉತ್ತರ ಕರ್ನಾಟಕದ ಬಹುಪಾಲು ಜನರಿಗೆ ಕೊಡಗು ಎಂದರೆ ಕಿತ್ತಳೆ, ಕಾಫಿ, ಜೇನು, ಸೈನ್ಯ, ತಲಕಾವೇರಿಯ ತೀರ್ಥ ಎಂಬ ಕೇಳಿದ ಮಾತುಗಳಷ್ಟೆ. ರಸ್ತೆ ಕಿರಿದು, ರೈಲಿಲ್ಲ, ಮಳೆಗಾಲದಲ್ಲಿ ತಿಂಗಳುಗಟ್ಟಲೆ ಮೋಡ. ಅಂಥ ನಾಡನ್ನು ಬಣ್ಣದಲ್ಲಿ ಊರೂರಿನ ಟಾಕೀಸಿಗೆ ತಂದ ಚಿತ್ರಗಳಲ್ಲಿ 'ಶರಪಂಜರ' ಮುಂಚೂಣಿಯದು. ಮರುವರ್ಷ, 1972ರಲ್ಲಿ, ಕೊಡವ ತಕ್ಕಿನ, ಎಂದರೆ ಕೊಡವ ಭಾಷೆಯ, ಮೊದಲ ಚಿತ್ರ 'ನಾಡ ಮಣ್ಣ್ ನಾಡ ಕೂಳ್' ಬಂತು. ಕೊಡಗು ಇತರರ ಕಣ್ಣಿಗೆ ಚಿತ್ರವಾದ ಬೆನ್ನಲ್ಲೇ ತನ್ನ ಮಾತಿನಲ್ಲಿ ತಾನೇ ಚಿತ್ರವಾಯಿತು.

ಹಾಡಿನ ಕಾವೇರಿ ಬರೀ ಹೆಸರಲ್ಲ, ಕೊಡಗಿನವರ ಕುಲದೇವತೆ. ತುಲಾ ಸಂಕ್ರಮಣದಂದು, ಅಕ್ಟೋಬರ್ ಮಧ್ಯದಲ್ಲಿ, ತಲಕಾವೇರಿಯ ಕುಂಡಿಕೆಯಲ್ಲಿ ತೀರ್ಥೋದ್ಭವವಾಗುತ್ತದೆ. ಭಾಗಮಂಡಲದಲ್ಲಿ ಕನ್ನಿಕೆಯೂ ಸುಜ್ಯೋತಿಯೂ ಕೂಡುತ್ತವೆ. ಅಲ್ಲಿಂದ ನಾಪೋಕ್ಲು, ಬಲಮುರಿ, ಸಿದ್ದಾಪುರದ ಕಡೆಯ ತೋಟಗಳನ್ನು ಬಳಸಿ ಹರಿದು ಬರುವ ಹೊಳೆ ನಂಜರಾಯಪಟ್ಟಣದ ಬಳಿ ದುಬಾರೆ ಕಾಡಿನ ಅಂಚನ್ನು ಮುಟ್ಟುತ್ತದೆ. ಒಂದು ದಡದಲ್ಲಿ ಊರು, ತೋಟ. ಇನ್ನೊಂದು ದಡದಲ್ಲಿ ಅರಣ್ಯ ಇಲಾಖೆಯ ಆನೆ ಶಿಬಿರ, ಜೇನುಕುರುಬರ ಹಾಡಿ. ನಡುವೆ ಬಂಡೆಗಳು, ಪುಟ್ಟ ಪುಟ್ಟ ನಡುಗಡ್ಡೆಗಳು. ಮಳೆಗಾಲದಲ್ಲಿ ದೋಣಿಯೇ ಗತಿ, ಬೇಸಿಗೆಯಲ್ಲಿ ನೀರಿಳಿದಾಗ ಕಲ್ಲಿನಿಂದ ಕಲ್ಲಿಗೆ ಕಾಲಿಟ್ಟು ದಾಟಬಹುದು. 'ಶರಪಂಜರ'ದ ಕಾಲಕ್ಕೆ ದುಬಾರೆ ಪ್ರವಾಸಿ ತಾಣವಾಗಿರಲಿಲ್ಲ. ಕಾಡಿನಿಂದ ದಿಮ್ಮಿ ಎಳೆಯುವ ಆನೆಗಳ, ಅವುಗಳನ್ನು ನೋಡಿಕೊಳ್ಳುವ ಮಾವುತ ಕಾವಾಡಿಗಳ ನೆಲೆಯಾಗಿತ್ತು. ಮರ ಕಡಿಯುವುದು ನಿಂತ ಮೇಲೆಯೇ ಆನೆಗಳ ಸ್ನಾನ, ರಾಗಿಮುದ್ದೆಯ ಊಟ ನೋಡಲು ಜನ ದಡದಲ್ಲಿ ಸೇರತೊಡಗಿದ್ದು. ಮೈಸೂರು ದಸರೆಯ ಜಂಬೂಸವಾರಿಗೆ ಹೋಗುವ ಆನೆಗಳಲ್ಲಿ ದುಬಾರೆಯವೂ ಇರುತ್ತವೆ.

ಆ ಕಾಡಿನ ಜಗತ್ತಿಗೆ ಕಲ್ಪನಾ ಇನ್ನೊಂದು ದಾರಿಯಿಂದ ಬಂದರು. 1973ರಲ್ಲಿ ವಿಜಯ್ ನಿರ್ದೇಶನದಲ್ಲಿ ಎಂ.ಪಿ. ಶಂಕರ್ ನಿರ್ಮಿಸಿದ 'ಗಂಧದ ಗುಡಿ' ತೆರೆಕಂಡಿತು. ರಾಜ್‌ಕುಮಾರ್ ಅರಣ್ಯಾಧಿಕಾರಿ, ಎದುರಾಗಿ ವಿಷ್ಣುವರ್ಧನ್, ನಾಯಕಿ ಕಲ್ಪನಾ. ಮರಗಳ್ಳರ, ಬೇಟೆಗಾರರ ವಿರುದ್ಧ ಕಾಡನ್ನು ಕಾಯುವ ಕಥೆ ಕನ್ನಡದಲ್ಲಿ ಆವರೆಗೆ ಬಂದಿರಲಿಲ್ಲ. ಕಾಲವೂ ಅದಕ್ಕೆ ಒದಗಿತ್ತು. ಕಾಕನಕೋಟೆಯಲ್ಲಿ ಆನೆಗಳನ್ನು ಹಿಡಿಯುತ್ತಿದ್ದ ಖೆಡ್ಡಾ 1971ರಲ್ಲಿ ಕೊನೆಯ ಬಾರಿ ನಡೆದಿತ್ತು, 1972ರಲ್ಲಿ ವನ್ಯಜೀವಿ ಸಂರಕ್ಷಣಾ ಕಾಯ್ದೆ ಬಂದಿತ್ತು, 1973ರ ಏಪ್ರಿಲಿನಲ್ಲಿ ಆರಂಭವಾದ ಹುಲಿ ಯೋಜನೆಯ ಮೊದಲ ಒಂಬತ್ತು ತಾಣಗಳಲ್ಲಿ ಬಂಡೀಪುರವೂ ಒಂದಾಗಿತ್ತು. ಅದೇ ವರ್ಷದ ನವೆಂಬರಿನಲ್ಲಿ ರಾಜ್ಯಕ್ಕೆ ಕರ್ನಾಟಕವೆಂಬ ಹೆಸರೂ ಬಂತು. ಚಿತ್ರ ನಾಡಿನ ಹೆಮ್ಮೆಯಾಗಿ ಉಳಿದಿದೆ. ಆದರೆ ಕಲ್ಪನಾ ಅವರ ದೃಷ್ಟಿಯಿಂದ ನೋಡಿದರೆ ಅದು ನಾಯಕನ ಚಿತ್ರ. ಹಾಡು, ಹುಸಿಮುನಿಸು, ಒಂದೆರಡು ಭಾವುಕ ಸನ್ನಿವೇಶಗಳನ್ನು ಬಿಟ್ಟರೆ ನಾಯಕಿಗೆ ಮಾಡಲು ಹೆಚ್ಚೇನೂ ಇಲ್ಲ. ಕೇವಲ ಎರಡು ವರ್ಷದ ಹಿಂದೆ ಇಡೀ ಚಿತ್ರವನ್ನು ಹೆಗಲ ಮೇಲೆ ಹೊತ್ತವರಿಗೆ ಇದು ಚಿಕ್ಕ ಜಾಗ.

'ಶರಪಂಜರ'ದ ಗೆಲುವಿನ ನಂತರ ಪುಟ್ಟಣ್ಣ ಮತ್ತು ಕಲ್ಪನಾ ಮತ್ತೆ ಒಂದು ಚಿತ್ರಕ್ಕೂ ಜೊತೆಯಾಗಲಿಲ್ಲ. 'ಬೆಳ್ಳಿಮೋಡ', 'ಕಪ್ಪು ಬಿಳುಪು', 'ಗೆಜ್ಜೆಪೂಜೆ', 'ಕರುಳಿನ ಕರೆ', 'ಶರಪಂಜರ'. ಐದು ವರ್ಷಗಳಲ್ಲಿ ಐದು ಚಿತ್ರ ಮಾಡಿದ ಜೋಡಿ ಅಲ್ಲಿಗೆ ನಿಂತಿತು. ಪುಟ್ಟಣ್ಣನವರ ಮುಂದಿನ ಚಿತ್ರಗಳಿಗೆ ಆರತಿ, ಜಯಂತಿ ಮೊದಲಾದವರು ಬಂದರು. ನಟಿಯ ಶಕ್ತಿಯಲ್ಲಿ ಕುಂದೇನೂ ಇರಲಿಲ್ಲ. ಆ ಶಕ್ತಿಗೆ ತಕ್ಕ ಪಾತ್ರ ಬರೆಯುವವರು, ಅದನ್ನು ಹದದಲ್ಲಿ ಹಿಡಿದಿಡುವವರು ವಿರಳರಾದರು. ಪುಟ್ಟಣ್ಣನವರೂ ಆಮೇಲೆ ದೊಡ್ಡ ಚಿತ್ರಗಳನ್ನು ಮಾಡಿದರು, ಆದರೆ ಕಲ್ಪನಾ ಅವರಂಥ ವಾದ್ಯ ಅವರಿಗೂ ಮತ್ತೆ ಸಿಗಲಿಲ್ಲ.

ಆದರೂ 1970ರ ದಶಕದ ನಡುವಿನಲ್ಲಿ ಎರಡು ಒಳ್ಳೆಯ ಅವಕಾಶಗಳು ಬಂದವು. ಎರಡೂ ಕಾದಂಬರಿಗಳಿಂದ, ಎರಡೂ ದೊರೈ ಭಗವಾನ್ ಜೋಡಿಯ ನಿರ್ದೇಶನದಲ್ಲಿ. 1974ರ 'ಎರಡು ಕನಸು' ವಾಣಿಯವರ ಕಾದಂಬರಿ. ಬೇರೊಬ್ಬಳನ್ನು ಪ್ರೀತಿಸಿದ್ದ ಗಂಡ ತನ್ನ ಕಡೆ ತಿರುಗಿಯೂ ನೋಡದಿದ್ದಾಗ, ಮನೆಯವರೆಲ್ಲರ ಪ್ರೀತಿ ಗಳಿಸಿ ಅವನೊಬ್ಬನ ಪ್ರೀತಿಗಾಗಿ ಕಾಯುವ ಹೆಂಡತಿಯಾಗಿ ಕಲ್ಪನಾ ನಟಿಸಿದರು. ರಾಜ್‌ಕುಮಾರ್ ಎದುರು, ಮಂಜುಳಾ ಅವರ ಚುರುಕಿನ ಪಕ್ಕದಲ್ಲಿ, ತಮ್ಮ ಪಾಲಿನ ದೃಶ್ಯಗಳನ್ನು ಮೆಲ್ಲಗೆ, ದೃಢವಾಗಿ ಗೆದ್ದುಕೊಂಡರು. 1976ರ 'ಬಯಲುದಾರಿ' ಭಾರತೀಸುತರ ಕಾದಂಬರಿ. ಎಸ್.ಆರ್. ನಾರಾಯಣರಾವ್ ಎಂಬ ನಿಜನಾಮದ ಭಾರತೀಸುತರು ಕೊಡಗಿನವರು, ವೃತ್ತಿಯಿಂದ ಮೇಷ್ಟ್ರು. ಕೊಡಗು ಮತ್ತು ಪಕ್ಕದ ವಯನಾಡಿನ ಬೆಟ್ಟಗಾಡಿನ ಬದುಕನ್ನು ಕನ್ನಡ ಕಾದಂಬರಿಗೆ ತಂದವರು. 'ಎಡಕಲ್ಲು ಗುಡ್ಡದ ಮೇಲೆ', 'ಹುಲಿಯ ಹಾಲಿನ ಮೇವು', 'ಗಿರಿಕನ್ಯೆ' ಚಿತ್ರಗಳ ಬೇರು ಇರುವುದೂ ಅವರ ಬರಹದಲ್ಲೇ. ಹೀಗೆ 'ಶರಪಂಜರ'ದಲ್ಲಿ ಕೊಡಗಿನ ನೆಲಕ್ಕೆ ಬಂದ ನಟಿ 'ಬಯಲುದಾರಿ'ಯಲ್ಲಿ ಕೊಡಗಿನ ಲೇಖಕರ ಕಥೆಯೊಳಗೆ ಬಂದರು. ಆ ಚಿತ್ರದ ನಾಯಕ ಅನಂತ್ ನಾಗ್ ಮುಂದೆ ಕನ್ನಡದ ಅಚ್ಚುಮೆಚ್ಚಿನ ನಟರಾದರು. ಕಲ್ಪನಾ ಅವರ ಪಾಲಿಗೆ ಅದು ಕೊನೆಯ ದೊಡ್ಡ ಯಶಸ್ಸುಗಳಲ್ಲೊಂದು.

ಕಲ್ಪನಾ ಅವರ ನಟನೆಯಲ್ಲಿ ಮೊದಲು ಸೆಳೆಯುವುದು ಧ್ವನಿ. ಉದ್ದುದ್ದದ ಸಂಭಾಷಣೆಯನ್ನು ಒಂದೇ ಉಸಿರಿನಲ್ಲಿ ಎತ್ತಿ, ನಡುವೆ ತಗ್ಗಿಸಿ, ಕೊನೆಯ ಮಾತನ್ನು ಪಿಸುದನಿಗೆ ಇಳಿಸುವ ಅವರ ರೀತಿಯನ್ನು ಮುಂದಿನ ಎಷ್ಟೋ ನಟಿಯರು ಅನುಕರಿಸಿದರು. 'ಶರಪಂಜರ'ದ ಕೊನೆಯ ಭಾಗದಲ್ಲಿ ನಗುವಿನಿಂದ ಅಳುವಿಗೆ, ಅಳುವಿನಿಂದ ಶೂನ್ಯಕ್ಕೆ ಅವರು ಜಾರುವ ವೇಗ ಇಂದಿಗೂ ಬೆಚ್ಚಿಬೀಳಿಸುತ್ತದೆ. ಅತಿಯಾಯಿತೆಂದು ಹೇಳುವ ವಿಮರ್ಶಕರಿದ್ದಾರೆ. ಮುಂದಿನ ಕೆಲವು ಚಿತ್ರಗಳಲ್ಲಿ ಅದೇ ಶೈಲಿ ಪಾತ್ರ ಬೇಡದಿದ್ದರೂ ಮರುಕಳಿಸಿದ್ದು ನಿಜ. ಆದರೆ ಕಾವೇರಿಯ ಪಾತ್ರದಲ್ಲಿ ಆ ಅಬ್ಬರಕ್ಕೆ ಕಾರಣವಿದೆ. ಯಾರೂ ಕಿವಿಗೊಡದ ಹೆಣ್ಣು ದನಿ ಎತ್ತಲೇಬೇಕಾಗುತ್ತದೆ. ಎರಡನೆಯದು ಅವರ ಉಡುಗೆ. ಸೀರೆಗೆ ಹೊಂದುವ ಬಳೆ, ತೋಳಿನ ವಿನ್ಯಾಸ ಬೇರೆ ಬೇರೆಯಾದ ರವಿಕೆ, ದೊಡ್ಡ ಕುಂಕುಮ, ಎತ್ತರಿಸಿ ಕಟ್ಟಿದ ತುರುಬು, ಕೈತುಂಬ ಉಂಗುರ. ಊರಿನ ದರ್ಜಿಗೆ 'ಕಲ್ಪನಾ ರವಿಕೆ' ಎಂದರೆ ಸಾಕಾಗಿತ್ತು ಎಂದು ಆ ಪೀಳಿಗೆಯ ಹೆಂಗಸರು ನೆನೆಯುತ್ತಾರೆ. ರಾಜ್ಯ ಸರ್ಕಾರದ ಅತ್ಯುತ್ತಮ ನಟಿ ಪ್ರಶಸ್ತಿ ಅವರಿಗೆ ಮೂರು ಬಾರಿ ಬಂತು: 'ಬೆಳ್ಳಿಮೋಡ', 'ಹಣ್ಣೆಲೆ ಚಿಗುರಿದಾಗ' ಮತ್ತು 'ಶರಪಂಜರ'ಕ್ಕೆ. ಮೂರೂ ತ್ರಿವೇಣಿಯವರ ಹೆಂಗಸರು.

1975ರ ಹೊತ್ತಿಗೆ ಗಾಳಿ ಬೇರೆ ಕಡೆ ಬೀಸತೊಡಗಿತ್ತು. ನಾಯಕ ಪ್ರಧಾನ ಸಾಹಸ ಚಿತ್ರಗಳು ಹೆಚ್ಚಿದವು. ಅದೇ ವರ್ಷದ 'ದಾರಿ ತಪ್ಪಿದ ಮಗ'ದಲ್ಲಿ ಕಲ್ಪನಾ ನಾಲ್ವರು ನಾಯಕಿಯರಲ್ಲಿ ಒಬ್ಬರು. ಇನ್ನೊಂದು ಕಡೆ 'ಸಂಸ್ಕಾರ', 'ವಂಶವೃಕ್ಷ'ಗಳಿಂದ ಆರಂಭವಾದ ಹೊಸ ಅಲೆಯ ಚಿತ್ರಗಳು ಬೇರೆ ಬಗೆಯ, ಮೆಲುದನಿಯ ನಟನೆಯನ್ನು ಬಯಸಿದವು. ಎರಡರ ನಡುವೆ ಕಲ್ಪನಾ ಅವರಿಗೆ ಜಾಗ ಕಿರಿದಾಯಿತು. ಮೂವತ್ತು ದಾಟಿದ ನಾಯಕಿಯನ್ನು ಅಕ್ಕ, ಅತ್ತಿಗೆ, ತಾಯಿಯ ಪಾತ್ರಕ್ಕೆ ಸರಿಸುವ ಚಿತ್ರರಂಗದ ಪದ್ಧತಿ ಅವರಿಗೆ ಒಗ್ಗುವಂಥದ್ದಾಗಿರಲಿಲ್ಲ.

ಕೊನೆಯ ವರ್ಷಗಳಲ್ಲಿ ಅವರು ಉತ್ತರ ಕರ್ನಾಟಕದ ವೃತ್ತಿ ನಾಟಕ ಕಂಪನಿಯೊಂದರಲ್ಲಿ ರಂಗದ ಮೇಲೆ ನಟಿಸಿದರು. ಆ ಭಾಗದ ಕಂಪನಿ ನಾಟಕಕ್ಕೆ ಆಗ ಹಳ್ಳಿಹಳ್ಳಿಯಿಂದ ಎತ್ತಿನ ಗಾಡಿ, ಟ್ರ್ಯಾಕ್ಟರ್ ಕಟ್ಟಿಕೊಂಡು ಜನ ಬರುತ್ತಿದ್ದರು. ಜಾತ್ರೆಯಿಂದ ಜಾತ್ರೆಗೆ ಗುಡಾರ ಸಾಗಿಸುವ ಬದುಕು. ರಾತ್ರಿಯಿಡೀ ಆಟ, ಹಗಲು ಪ್ರವಾಸಿ ಮಂದಿರದಲ್ಲಿ ವಿಶ್ರಾಂತಿ. ತೆರೆಯ ಮೇಲೆ ಮಾತ್ರ ಕಂಡಿದ್ದ ತಾರೆಯನ್ನು ಕಣ್ಣೆದುರು ನೋಡಲು ನೂಕುನುಗ್ಗಲಾಗುತ್ತಿತ್ತು. ಬೆಳಗಾವಿ ಜಿಲ್ಲೆ ಸಂಕೇಶ್ವರದಲ್ಲಿ ಕಂಪನಿ ಬೀಡುಬಿಟ್ಟಿದ್ದಾಗ, 1979ರ ಮೇ ತಿಂಗಳಲ್ಲಿ, ಹತ್ತಿರದ ಗೋಟೂರಿನ ಪ್ರವಾಸಿ ಮಂದಿರದಲ್ಲಿ ಕಲ್ಪನಾ ಸಾವನ್ನಪ್ಪಿದರು. ಆ ಸಾವಿನ ಸುತ್ತ ಹಬ್ಬಿದ ಊಹಾಪೋಹಗಳು ಅವರ ಕಲೆಯ ಬಗ್ಗೆ ನಡೆಯಬೇಕಾದ ಚರ್ಚೆಯನ್ನು ಬಹುಕಾಲ ಮರೆಮಾಡಿದವು. ಅವರು ಜೀವ ತುಂಬಿದ ಚಂದ್ರಾ, ಕಾವೇರಿಯರ ಅಂತ್ಯವನ್ನು ಅವರ ಬದುಕಿನ ಮೇಲೆ ಹೇರಿ ನೋಡುವ ಚಾಳಿಯೂ ಬೆಳೆಯಿತು. ಇದು ನಟಿಗೆ ಮಾಡುವ ಅನ್ಯಾಯ. ತೆರೆಯ ಮೇಲಿನ ಆ ದುಃಖ ಕಸುಬುದಾರಿಕೆಯಿಂದ, ದುಡಿಮೆಯಿಂದ ಹುಟ್ಟಿದ್ದು.

ಪುಟ್ಟಣ್ಣ 1985ರಲ್ಲಿ ತೀರಿಕೊಂಡರು. 'ಕೊಡಗಿನ ಕಾವೇರಿ'ಯ ನಂತರ ಕನ್ನಡ ಚಿತ್ರರಂಗ ಕೊಡಗಿಗೆ ಮತ್ತೆ ಮತ್ತೆ ಬಂತು. 1990ರ 'ಮುತ್ತಿನ ಹಾರ'ದಲ್ಲಿ ರಾಜೇಂದ್ರಸಿಂಗ್ ಬಾಬು ಕೊಡವ ಸೈನಿಕನ ಕಥೆ ಹೇಳಿದರು. ಅಲ್ಲಿ ಕೊಡಗು ಹಾಡಿನ ಹಿನ್ನೆಲೆಯಷ್ಟೇ ಆಗಿರದೆ ಮನೆಯೂ ಮನೆತನವೂ ಆಯಿತು. 2006ರ 'ಮುಂಗಾರು ಮಳೆ' ಮಡಿಕೇರಿಯ ಮಳೆಯನ್ನು, 2008ರ 'ಗಾಳಿಪಟ' ಮಾಂದಲಪಟ್ಟಿಯ ಗಾಳಿಯನ್ನು ಹೊಸ ಪೀಳಿಗೆಗೆ ತೋರಿಸಿದವು. ಅವುಗಳ ಹಿಂದೆಯೇ ಪ್ರವಾಸಿಗರ ವಾಹನಗಳೂ ಬೆಟ್ಟ ಹತ್ತಿದವು. ಇವುಗಳಲ್ಲಿ ಯಾವುದರಲ್ಲೂ ನಾಯಕಿಯ ಒಳಗುದಿಯೇ ಕಥೆಯ ನಡುಗಂಬವಾಗಿರಲಿಲ್ಲ. ಕೊಡಗಿನ ಹಸಿರನ್ನು ಹೆಣ್ಣಿನ ಮನಸ್ಸಿನ ಅಳತೆಗೋಲಾಗಿ ಬಳಸಿದ ಚಿತ್ರವೆಂದು ಇಂದಿಗೂ ಎತ್ತಿ ತೋರಿಸುವುದು 'ಶರಪಂಜರ'ವನ್ನೇ. ಕುಶಾಲನಗರದಿಂದ ದುಬಾರೆಗೆ ಹೋಗುವ ಬಸ್ಸು, ಜೀಪುಗಳಲ್ಲಿ, ಶಾಲಾ ಪ್ರವಾಸದ ಅಂತ್ಯಾಕ್ಷರಿಯಲ್ಲಿ, ಮದುವೆ ಮನೆಯ ವಾದ್ಯದಲ್ಲಿ ಆ ಹಾಡು ಈಗಲೂ ಕೇಳಿಬರುತ್ತದೆ.